ಡ್ರಾಮಾ ಪರದೆಯಿಂದ ಕೊಬ್ಬರಿ ಅಟ್ಟದವರೆಗೆ

ಹನ್ನೊಂದು ಕನ್ನಡ ಚಿತ್ರಗಳಿಗೆ ನಾನು ಕಲಾ ನಿರ್ದೇಶನ ಮಾಡಿದ್ದೇನೆ. ಈಗ ಅದನ್ನೇ ಪ್ರೊಡಕ್ಷನ್ ಡಿಸೈನ್ ಎನ್ನುತ್ತಾರೆ. ಕಸುಬು ಕಲಿತದ್ದು ತುಮಕೂರಿನ ಒಂದು ಡ್ರಾಮಾ ಸೀನರಿ ಅಂಗಡಿಯಲ್ಲಿ. 1884ರಲ್ಲಿ ಗುಬ್ಬಿ ನಾಟಕ ಕಂಪನಿ ಹುಟ್ಟಿದ ಈ ಜಿಲ್ಲೆಯ ಹಳ್ಳಿಗಳಲ್ಲಿ ಜಾತ್ರೆ, ಹಬ್ಬಗಳಿಗೆ ಇಂದಿಗೂ ಪೌರಾಣಿಕ ನಾಟಕ ಆಡುತ್ತಾರೆ. ಅವರಿಗೆ ಬಾಡಿಗೆಗೆ ಹೋಗುವ ದರ್ಬಾರು, ಕಾಡು, ಬೀದಿಯ ಪರದೆಗಳನ್ನು ನನ್ನ ಗುರುಗಳು ಬರೆಯುತ್ತಿದ್ದರು. ಅಂಟು ಕಾಯಿಸಿ ಪುಡಿಬಣ್ಣಕ್ಕೆ ಬೆರೆಸುವುದು, ದಾರಕ್ಕೆ ಸುಣ್ಣದ ಪುಡಿ ಸವರಿ ಬಟ್ಟೆಯ ಮೇಲೆ ಗೆರೆ ಹೊಡೆಯುವುದು ನನ್ನ ಪಾಲಿಗಿತ್ತು. "ಮೂವತ್ತಡಿ ದೂರ ಹೋಗಿ ನೋಡ್ಕೊಂಡು ಬಾರೋ, ಆಮೇಲೆ ಕುಂಚ ಮುಟ್ಟು" ಎಂದು ಅವರು ದಿನಕ್ಕೆ ಹತ್ತು ಸಲವಾದರೂ ಹೇಳುತ್ತಿದ್ದರು.

ಆ ಪಾಠವೇ ಸಿನಿಮಾದಲ್ಲಿ ನನ್ನನ್ನು ಮೊದಲು ಕಷ್ಟಕ್ಕೆ ತಳ್ಳಿತು. ಸಹಾಯಕನಾಗಿ ಸೇರಿದ ಹೊಸತರಲ್ಲಿ, ಒಂದು ಮನೆಯ ಸೆಟ್ಟಿನಲ್ಲಿ ತೊಲೆಗಳ ಕೆಳಗೆ ಪರದೆಗೆ ಬರೆಯುವಂತೆಯೇ ನೆರಳನ್ನು ಬಣ್ಣದಲ್ಲಿ ಬರೆದಿದ್ದೆ. ಛಾಯಾಗ್ರಾಹಕರು ಎದುರು ದಿಕ್ಕಿನಿಂದ ದೀಪ ಹಾಕಿದಾಗ ಒಂದೊಂದು ತೊಲೆಗೂ ಎರಡೆರಡು ನೆರಳು ಕಾಣಿಸಿದವು. ಆ ಗೋಡೆಯನ್ನು ರಾತ್ರಿಯಿಡೀ ಕೂತು ಮತ್ತೆ ಬಳಿದೆವು. ನಾಟಕದ ಪ್ರೇಕ್ಷಕ ಕೂತಲ್ಲೇ ಕೂತಿರುತ್ತಾನೆ. ಕ್ಯಾಮೆರಾ ಎದ್ದು ಬಂದು ಗೋಡೆಯನ್ನು ಮೂಸಿ ನೋಡುತ್ತದೆ.

ನನಗೆ ಅತ್ಯಂತ ಪ್ರಿಯವಾದ ಕೆಲಸವೆಂದರೆ 1960ರ ದಶಕದ ತಿಪಟೂರು ಸೀಮೆಯ ಒಂದು ಅಡುಗೆಮನೆಯ ಸೆಟ್ಟು. ಅಲ್ಲಿ ತೆಂಗಿನಕಾಯಿಗಳನ್ನು ಅಡಕೆ ಮರ ಸೀಳಿದ ದಬ್ಬೆಯ ಅಟ್ಟದ ಮೇಲೆ ತಿಂಗಳುಗಟ್ಟಲೆ ಇಟ್ಟು, ಒಳಗಿನ ನೀರು ಇಂಗಿ ಗಿಟುಕು, ಅಂದರೆ ಒಣಗಿದ ಇಡೀ ಕೊಬ್ಬರಿ, ಆಗುವವರೆಗೆ ಕಾಯುತ್ತಾರೆ. ಕೆಳಗೆ ಉರಿಯುವ ಒಲೆಯ ಹೊಗೆ ವರ್ಷಾನುಗಟ್ಟಲೆ ಆ ದಬ್ಬೆಗಳಿಗೆ ಹಿಡಿಯುತ್ತದೆ. ನಾವು ಮೊದಲು ಹೊಸ ದಬ್ಬೆಗೆ ಕಪ್ಪು ಬಣ್ಣ ಹೊಡೆದು ನೋಡಿದೆವು. ದೀಪ ಬಿದ್ದಾಗ ಅದು ಇದ್ದಿಲಿನಂತೆ ಸಪ್ಪಗಿತ್ತು. ಒಲೆಯ ಮಸಿ ಹಾಗಿರುವುದಿಲ್ಲ. ಅದು ಅರಗು ಬಳಿದಂತೆ ಮಿರುಗುತ್ತದೆ, ದಬ್ಬೆಯ ಅಡಿಭಾಗದಲ್ಲಿ ದಪ್ಪಗಟ್ಟಿ ಮೇಲ್ಭಾಗದಲ್ಲಿ ಬರೀ ಧೂಳಾಗಿರುತ್ತದೆ, ಏಣಿ ಒರಗಿಸುವ ಕಡೆ ಉಜ್ಜಿ ಉಜ್ಜಿ ಮರದ ಕಂದು ಹೊರಬಿದ್ದಿರುತ್ತದೆ. ಹೊಸ ಪ್ಲೈವುಡ್ಡಿಗೆ ಕಂದು ಬಣ್ಣ ತಿಕ್ಕಿ ಹಳೆಯ ಮನೆ ಎನ್ನುವ ಪದ್ಧತಿಯನ್ನು ನಾನು ಒಪ್ಪದಿರುವುದು ಇದಕ್ಕಾಗಿಯೇ: ಮನೆ ಎಲ್ಲ ಕಡೆಯೂ ಒಂದೇ ಸಮನಾಗಿ ಹಳತಾಗುವುದಿಲ್ಲ, ಕೈ ತಾಗಿದ ಕಡೆ ಒಂದು ಬಗೆ, ಹೊಗೆ ತಾಗಿದ ಕಡೆ ಇನ್ನೊಂದು ಬಗೆ.

ಆ ಸುತ್ತಿನ ಒಂದು ಹಳ್ಳಿಯಲ್ಲಿ ಹಳೆಯ ಮನೆ ಕೆಡವಿ ಆರ್‌ಸಿಸಿ ಹಾಕಿಸುತ್ತಿದ್ದ ರೈತರೊಬ್ಬರು ಸಿಕ್ಕರು. ಅವರ ಅಟ್ಟದ ದಬ್ಬೆಗಳನ್ನು ಕೇಳಿದಾಗ, "ಸೌದೆಗೆ ಇಟ್ಟಿದ್ದೆ ಸ್ವಾಮಿ, ತಗೊಂಡು ಹೋಗಿ" ಎಂದರು. ಮಸಿ ಅಳಿಸಿಹೋಗದಂತೆ ಒಂದೊಂದನ್ನೂ ಹಳೆಯ ಸೀರೆಯಲ್ಲಿ ಸುತ್ತಿ, ಯಾವ ಮಗ್ಗುಲು ಒಲೆಯ ಕಡೆಗಿತ್ತೆಂದು ಸೀಮೆಸುಣ್ಣದಿಂದ ಗುರುತು ಮಾಡಿ, ಬೆಂಗಳೂರಿನ ಸ್ಟುಡಿಯೋಗೆ ಲಾರಿಯಲ್ಲಿ ತಂದು ಅದೇ ಕ್ರಮದಲ್ಲಿ ಕಟ್ಟಿದೆವು. ಒಲೆಯನ್ನು ಆಮೇಲೆ, ಅತಿ ಹೆಚ್ಚು ಮಸಿ ಹಿಡಿದಿದ್ದ ದಬ್ಬೆಯ ನೇರ ಕೆಳಗೆ ಹೂಡಿದೆವು.