ಕಾಡಿನ ಹಾರರ್, ಹಿಂದಿ ಡಬ್: ನಾನು ಕಿವಿಯಲ್ಲಿ ನೋಡುವ ರೀತಿ

ಹಾರರ್ ಸಿನಿಮಾದ ಹಿಂದಿ ಡಬ್ ಹೇಗಿದೆ ಅಂತ ಕೇಳಿದರೆ ಎಲ್ಲರೂ ಮೊದಲು ಹೇಳೋದು ಲಿಪ್ ಸಿಂಕ್, ಅಂದರೆ ತುಟಿಗೂ ಮಾತಿಗೂ ಇರುವ ಹೊಂದಿಕೆ, ಬಗ್ಗೆ. ನಾನು ಅದನ್ನು ಕೊನೆಗೆ ನೋಡುತ್ತೇನೆ. ಕಾಡಿನಲ್ಲಿ ದಾರಿ ತಪ್ಪಿದವರನ್ನು ಅಟ್ಟಾಡಿಸಿ ಕೊಲ್ಲುವ ಸಿನಿಮಾಗಳಲ್ಲಿ ತುಂಬಾ ಹೊತ್ತು ಯಾರೂ ಮಾತೇ ಆಡುವುದಿಲ್ಲ. ಓಡುತ್ತಾರೆ, ಏದುಸಿರು ಬಿಡುತ್ತಾರೆ, ಕಿರುಚುತ್ತಾರೆ. ಡಬ್‌ನ ಬಂಡವಾಳ ಬಯಲಾಗುವುದು ಅಲ್ಲೇ.

ಇಂಥವುಗಳಲ್ಲಿ ನಾನು ಜಾಸ್ತಿ ಕೇಳಿರುವುದು ‘ರಾಂಗ್ ಟರ್ನ್’ ಸರಣಿಯನ್ನು. 2003ರಲ್ಲಿ ಮೊದಲನೆಯದು ಬಂತು, 2014ರ ಹೊತ್ತಿಗೆ ಆರಾದವು, 2021ರಲ್ಲಿ ಹೊಸ ಕಥೆಯೊಂದಿಗೆ ಮತ್ತೊಂದು. ಹಳೆಯ ಭಾಗಗಳ ಕಥೆ ಅಮೆರಿಕದ ವೆಸ್ಟ್ ವರ್ಜೀನಿಯಾದ್ದು, ಆದರೆ ಮೂರು, ಐದು, ಆರನೆಯದನ್ನು ಚಿತ್ರೀಕರಿಸಿದ್ದು ಬಲ್ಗೇರಿಯಾದಲ್ಲಿ! ಎರಡನೆಯದರಿಂದ ಆರನೆಯದರವರೆಗೆ ಎಲ್ಲವೂ ನೇರವಾಗಿ ಡಿವಿಡಿಗೆ ಬಂದವು. ಖರ್ಚು ಕಡಿಮೆ, ರಕ್ತ ಜಾಸ್ತಿ.

ನಾನು ಮಾಡುವುದು ಇಷ್ಟು. ಹೆಡ್‌ಫೋನ್ ಹಾಕಿಕೊಂಡು, ಸಬ್‌ಟೈಟಲ್ ತೆಗೆದು, ರಾತ್ರಿ ಕಾಡಿನಲ್ಲಿ ಇಬ್ಬರು ಪಿಸುಗುಟ್ಟುವ ದೃಶ್ಯ ಹುಡುಕುತ್ತೇನೆ. ಅದನ್ನು ಮೊದಲು ಇಂಗ್ಲಿಷ್‌ನಲ್ಲಿ, ಆಮೇಲೆ ಹಿಂದಿಯಲ್ಲಿ ಕೇಳುತ್ತೇನೆ. ಗಮನ ಮಾತಿನ ಮೇಲಲ್ಲ, ಹಿಂದಿನ ಜೀರುಂಡೆಗಳ ಮೇಲೆ. ಸರಿಯಾದ ಡಬ್ಬಿಂಗ್‌ಗೆ ಮಾತು ತೆಗೆದ, ಬರೀ ಸಂಗೀತ ಮತ್ತು ಸದ್ದು ಇರುವ ಬೇರೆ ಟ್ರ್ಯಾಕ್ ಸಿಗುತ್ತದೆ. ಅದು ಸಿಗದವರು ಹಿಂದಿ ಮಾತು ಬಂದಾಗಲೆಲ್ಲ ಇಂಗ್ಲಿಷ್ ಟ್ರ್ಯಾಕನ್ನೇ ಪೂರ್ತಿ ತಗ್ಗಿಸುತ್ತಾರೆ. ಆಗ ಒಬ್ಬ ಬಾಯಿ ತೆರೆದ ಕೂಡಲೇ ಕಾಡೇ ಮಾಯ. ಅವನು ಸುಮ್ಮನಾದರೆ ಜೀರುಂಡೆ ಮತ್ತೆ ಹಾಜರ್. ಇದು ಒಮ್ಮೆ ಕಿವಿಗೆ ಬಿತ್ತೋ, ಆಮೇಲೆ ಆ ಸಿನಿಮಾ ನೋಡೋದೇ ಕಷ್ಟ.

ನಂತರ ಕಿರುಚಾಟ. ಕೆಲವು ಡಬ್‌ಗಳಲ್ಲಿ ಮಾತು ಹಿಂದಿ ಕಲಾವಿದೆಯದು, ಚೀರುವುದು ಮೂಲ ನಟಿ. ಎರಡೂ ದನಿ ಹೊಂದಿದರೆ ಯಾರಿಗೂ ಗೊತ್ತಾಗುವುದಿಲ್ಲ. ನಾನು ಕೇಳಿದ ಒಂದು ಡಬ್‌ನಲ್ಲಿ ಹುಡುಗಿ ‘ಬಚಾವೋ’ ಎಂದದ್ದು ತೆಳು ದನಿಯಲ್ಲಿ, ಅದೇ ಉಸಿರಿನಲ್ಲಿ ಬಂದ ಚೀತ್ಕಾರ ಇನ್ಯಾರದ್ದೋ ದಪ್ಪ ದನಿ. ಹೆದರಿಕೆ ಹೋಗಿ ನಗು ಬಂತು. ಓಡಿ ಬಂದವನ ಮಾತಿನಲ್ಲಿ ಉಸಿರು ಕಟ್ಟಿದೆಯೇ ಅಂತಲೂ ನೋಡುತ್ತೇನೆ. ಮೈಕ್ ಮುಂದೆ ಆರಾಮಾಗಿ ನಿಂತು ಹೇಳಿದ್ದು ಗೊತ್ತಾಗಿಯೇ ಆಗುತ್ತದೆ, ಅಲ್ವಾ?

ಇನ್ನೊಂದು ಕಾಟ, ಮೌನ ಇದ್ದಲ್ಲೆಲ್ಲ ಮಾತು ತುರುಕುವುದು. ಪಾತ್ರ ಬೆನ್ನು ತಿರುಗಿಸಿದರೆ ಸಾಕು, ಒಂದು ಜೋಕು ಸೇರಿಸುತ್ತಾರೆ. ಇದಕ್ಕೆ ನಾನು ರಿಯಾಯಿತಿ ಕೊಡುವುದಿಲ್ಲ.

ಸಿಂಕ್ ಪರೀಕ್ಷೆ ಚಿಕ್ಕದು. ಶುರುವಿನಲ್ಲೊಮ್ಮೆ, ಕೊನೆಯ ಹತ್ತು ನಿಮಿಷದಲ್ಲೊಮ್ಮೆ ನೋಡಿದರೆ ಸಾಕು. ಸೆಕೆಂಡಿಗೆ 25 ಫ್ರೇಮ್ ಲೆಕ್ಕದ ಆಡಿಯೋವನ್ನು 24 ಫ್ರೇಮ್‌ನ ಚಿತ್ರಕ್ಕೆ ಅಂಟಿಸಿದ್ದರೆ ಅದು ಶೇ. 4ರಷ್ಟು ಮುಂದೆ ಓಡುತ್ತಾ ಹೋಗುತ್ತದೆ. ಅದರ ಬದಲು ಒಂದು ಕೊಲೆ ಆದ ತಕ್ಷಣ ಧಡಕ್ಕನೆ ತಪ್ಪಿದರೆ, ಆಡಿಯೋ ಕತ್ತರಿ ಬಿದ್ದ ಪ್ರತಿಯದು. ಕೆಲವೊಮ್ಮೆ ಅಂಥ ಜಾಗದಲ್ಲಿ ಹಿಂದಿ ಮಾತಾಡುತ್ತಿದ್ದವನು ಅರ್ಧ ನಿಮಿಷ ಇಂಗ್ಲಿಷ್ ಮಾತಾಡಿ ಮತ್ತೆ ಹಿಂದಿಗೆ ಮರಳುತ್ತಾನೆ. ಟಿವಿಗೆಂದು ಕತ್ತರಿಸಿದ ಆಡಿಯೋ, ಕತ್ತರಿಸದ ಚಿತ್ರ.

ಎಲ್ಲ ಭಾಗವನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು. ಹಳೆಯ ಭಾಗಗಳ ತ್ರೀ ಫಿಂಗರ್‌ನಂಥ ನರಭಕ್ಷಕರದು ಗೊರಗೊರ ಸದ್ದು, ಕೀರಲು ನಗು. ಅದನ್ನು ಮೂಲದ್ದೇ ಇಟ್ಟುಕೊಂಡರೂ ನಡೆಯುತ್ತದೆ. 2007ರ ಎರಡನೆಯ ಭಾಗದಲ್ಲಿ ರಿಯಾಲಿಟಿ ಶೋ ಇದೆ. ಅಲ್ಲಿ ಕ್ಯಾಮೆರಾ, ಮಾನಿಟರ್ ಮೂಲಕ ಬರುವ ದನಿ ಬೇರೆ ಥರ ಕೇಳಬೇಕು. 2012ರ ಐದನೆಯದು ಇನ್ನೂ ಕಷ್ಟ. ‘ಹೆಲ್‌ರೇಸರ್’ ಹಾರರ್ ಸರಣಿಯಲ್ಲಿ ಪಿನ್‌ಹೆಡ್ ಎಂಬ ಖಳನಾಗಿದ್ದ ನಟ ಡಗ್ ಬ್ರಾಡ್ಲಿ ಇದರಲ್ಲಿ ಮೇನಾರ್ಡ್ ಎಂಬ ಖಳ. ಲಾಕಪ್ಪಿನೊಳಗೆ ಕೂತು ಬರೀ ಮಾತಿನಲ್ಲೇ ಬೆದರಿಸುತ್ತಾನೆ. ಇಲ್ಲಿ ಹಿಂದಿ ಕಲಾವಿದ ಅಬ್ಬರಿಸಿದರೆ ಪಾತ್ರ ಹಾಳು, ತಣ್ಣಗೆ ಹೇಳಬೇಕು. 2021ರದ್ದರಲ್ಲಂತೂ ಕಾಡಿನ ಜನ ವಿಚಾರಣೆ ನಡೆಸಿ ಶಿಕ್ಷೆ ಕೊಡುತ್ತಾರೆ. ಹಿಂದಿ ಚೆನ್ನಾಗಿಲ್ಲದಿದ್ದರೆ ಅದನ್ನು ಇಂಗ್ಲಿಷ್‌ನಲ್ಲೇ ನೋಡಿ. ಮೂರು ಮತ್ತು ಆರನ್ನು ಯಾವ ಭಾಷೆಯಲ್ಲಿ ನೋಡಿದರೂ ದೊಡ್ಡ ನಷ್ಟವಿಲ್ಲ.