ಅತ್ತಿಗೆಯನ್ನು ಬಿಟ್ಟು ಆಟವನ್ನು ಬ್ಲಾಕ್ ಮಾಡಿದೆ: ನನ್ನ ಅನುಭವ

ಕಳೆದ ತಿಂಗಳು ಫೇಸ್‌ಬುಕ್‌ನಲ್ಲಿ ನನಗೆ ಬಂದ ಗೇಮ್ ಇನ್ವಿಟೇಶನ್, ಅಂದರೆ ಆಟಕ್ಕೆ ಕರೆಯುವ ಸಂದೇಶ, ಎರಡೇ ಎರಡು. ಮೂರು ವರ್ಷದ ಹಿಂದೆ ಒಂದೇ ದಿನಕ್ಕೆ ಮೂವತ್ತು ನಲವತ್ತು ಬರುತ್ತಿದ್ದವು. ಇದನ್ನು ನಿಲ್ಲಿಸಿಯೇ ತೀರುತ್ತೇನೆ ಅಂದಾಗ ಪಕ್ಕದ ಮೊಬೈಲ್ ಅಂಗಡಿಯವನು ನಕ್ಕಿದ್ದ. "ಅಕೌಂಟ್ ಡಿಲೀಟ್ ಮಾಡು ಮಾರಾಯ, ಬೇರೆ ದಾರಿ ಇಲ್ಲ" ಅಂದಿದ್ದ. ಈಗ ಅವನೇ ತನ್ನ ಗಿರಾಕಿಗಳನ್ನು ನನ್ನ ಹತ್ತಿರ ಕಳಿಸುತ್ತಾನೆ. ಅದಕ್ಕೇ ಬರೆಯಲು ಕೂತೆ. ಸೆಟ್ಟಿಂಗ್ಸ್ ಎಲ್ಲಿದೆ ಅನ್ನುವುದೆಲ್ಲ ನಿಮಗೆ ಗೊತ್ತಿರುತ್ತದೆ, ಅದನ್ನು ಬಿಡುತ್ತೇನೆ.

ನನ್ನದು ಸಾಗರದಲ್ಲಿ ಒಂದು ಜೆರಾಕ್ಸ್ ಮತ್ತು ಕಂಪ್ಯೂಟರ್ ಅಂಗಡಿ. ಹೆಂಡತಿ ಮನೆಯಲ್ಲೇ ಹಲಸಿನ ಹಪ್ಪಳ ಮಾಡುತ್ತಾಳೆ. ಅದಕ್ಕೊಂದು ಫೇಸ್‌ಬುಕ್ ಪೇಜ್ ಇದೆ, ನೋಡಿಕೊಳ್ಳುವುದು ನಾನು. ಆ ವರ್ಷ ಬೇಸಿಗೆಯಲ್ಲಿ ಬೆಂಗಳೂರಿನವರೊಬ್ಬರು ಉಪನಯನಕ್ಕೆ ನಲವತ್ತು ಕಟ್ಟು ಹಪ್ಪಳ ಬೇಕು ಅಂತ ಪೇಜಿನಲ್ಲಿ ಕಾಮೆಂಟ್ ಹಾಕಿದ್ದರು. ನಾನು ನೋಡಿದ್ದು ಆರು ದಿನ ಬಿಟ್ಟು. ಅದರ ಮೇಲೆ "ನಿಮಗೆ ಲೈಫ್ ಕಳಿಸಿದ್ದಾರೆ", "ನಿಮ್ಮ ಸಹಾಯ ಬೇಕಂತೆ" ಅಂತ ಆಟದ ನೋಟಿಫಿಕೇಶನ್ ನೂರಕ್ಕೂ ಜಾಸ್ತಿ ಕೂತಿದ್ದವು. (ಲೈಫ್ ಅಂದರೆ ಆ ಆಟಗಳಲ್ಲಿ ಸೋತ ಮೇಲೆ ಮತ್ತೆ ಆಡಲು ಸಿಗುವ ಅವಕಾಶ.) ಫೋನ್ ಮಾಡಿದರೆ, "ಬೇರೆಯವರ ಹತ್ತಿರ ತಗೊಂಡ್ವಿ" ಅಂದರು. ಹೆಚ್ಚುಕಡಿಮೆ ನಾಲ್ಕು ಸಾವಿರ ಹೋಯಿತು. ಹಪ್ಪಳ ಒತ್ತಿದವಳ ಮುಖ ನೋಡಲಾಗಲಿಲ್ಲ.

ಇದು ನನ್ನೊಬ್ಬನ ಗೋಳಲ್ಲ. 2015ರ ಅಕ್ಟೋಬರಿನಲ್ಲಿ ಫೇಸ್‌ಬುಕ್ ಕಟ್ಟಿದ ಮಾರ್ಕ್ ಜುಕರ್‌ಬರ್ಗ್ ದೆಹಲಿಯ ಐಐಟಿಗೆ ಬಂದಿದ್ದರಲ್ಲ, ಆಗ ಜನ ಮೊದಲೇ ಕಳಿಸಿದ್ದ ಪ್ರಶ್ನೆಗಳಲ್ಲಿ ಹೆಚ್ಚು ವೋಟು ಬಿದ್ದದ್ದು ಕ್ಯಾಂಡಿ ಕ್ರಶ್ ಅನ್ನುವ ಆಟದ ಇನ್ವಿಟೇಶನ್ ನಿಲ್ಲಿಸುವುದು ಹೇಗೆ ಅನ್ನುವುದಕ್ಕೆ. ದೇಶದವರೆಲ್ಲ ಅದನ್ನೇ ಕೇಳಿದ್ದರು.

ನನ್ನ ಮೊದಲ ತಪ್ಪು ದೊಡ್ಡ ತಪ್ಪು. ಸಿಟ್ಟಿನಲ್ಲಿ, ಜಾಸ್ತಿ ಕಳಿಸುತ್ತಿದ್ದ ಆರೇಳು ಜನರನ್ನು ಪೂರ್ತಿ ಬ್ಲಾಕ್ ಮಾಡಿದೆ. ಅದರಲ್ಲಿ ಅತ್ತಿಗೆಯೂ ಇದ್ದರು. ಬ್ಲಾಕ್ ಮಾಡಿದ ಕೂಡಲೇ ಫ್ರೆಂಡ್ ಪಟ್ಟಿಯಿಂದಲೂ ಹೋಗುತ್ತಾರೆ ಅಲ್ವಾ, ಅದು ಆ ಹೊತ್ತಿನಲ್ಲಿ ತಲೆಗೇ ಬರಲಿಲ್ಲ. ಹದಿನೈದು ದಿನಕ್ಕೆ ಅಣ್ಣನ ಫೋನು: "ನಿನ್ನ ಅತ್ತಿಗೆ ಏನು ತಪ್ಪು ಮಾಡಿದ್ದಾಳೆ?" ಮತ್ತೆ ರಿಕ್ವೆಸ್ಟ್ ಕಳಿಸಿ, ಮನೆಗೇ ಹೋಗಿ ಕೂತು ಸಮಾಧಾನ ಮಾಡಬೇಕಾಯಿತು.

ಎರಡನೆಯದು ದುಡ್ಡಿನ ತಪ್ಪು. ಫೋನ್ ಕ್ಲೀನ್ ಮಾಡುತ್ತೇವೆ ಅನ್ನುವ ಒಂದು ಆ್ಯಪ್‌ಗೆ ವರ್ಷಕ್ಕೆ ಐನೂರು ರೂಪಾಯಿ ಹತ್ತಿರ ಕಟ್ಟಿದೆ. ಇನ್ವಿಟೇಶನ್ ಬರುವುದು ಅಕೌಂಟಿಗೆ, ಫೋನಿಗಲ್ಲ. ಫೋನ್ ಎಷ್ಟು ತೊಳೆದರೂ ಅದು ಅಲ್ಲೇ ಇರುತ್ತದೆ. ಇದೇ ಕಾರಣಕ್ಕೆ ಆಂಡ್ರಾಯ್ಡ್‌ನಲ್ಲಿ ನೋಟಿಫಿಕೇಶನ್ ಒತ್ತಿ ಹಿಡಿದು ಆಫ್ ಮಾಡಿದರೆ ಸದ್ದು ಮಾತ್ರ ನಿಲ್ಲುತ್ತದೆ, ಒಳಗಿನ ರಾಶಿ ಬೆಳೆಯುತ್ತಲೇ ಇರುತ್ತದೆ.

ಮೂರನೆಯದು, ಫೇಸ್‌ಬುಕ್ ಸೆಟ್ಟಿಂಗ್ಸ್‌ನಲ್ಲಿರುವ ಆ್ಯಪ್ಸ್, ವೆಬ್‌ಸೈಟ್ಸ್ ಅಂಡ್ ಗೇಮ್ಸ್ ಅನ್ನುವುದನ್ನೇ ಪೂರ್ತಿ ಆಫ್ ಮಾಡಿದ್ದು. ಇನ್ವಿಟೇಶನ್ ನಿಂತಿತು, ನಿಜ. ಆದರೆ ಫೇಸ್‌ಬುಕ್ ಮೂಲಕ ಲಾಗಿನ್ ಆಗುತ್ತಿದ್ದ ಕಡೆಯೆಲ್ಲ ಬಾಗಿಲು ಮುಚ್ಚಿತು. ಹಪ್ಪಳದ ಲೇಬಲ್ ಡಿಸೈನ್ ಇಟ್ಟಿದ್ದ ಒಂದು ಸೈಟಿಗೂ ಹಾಗೇ ಲಾಗಿನ್ ಆಗುತ್ತಿದ್ದೆ. ಎರಡು ದಿನ ಲೇಬಲ್ ಇಲ್ಲದೆ ಪಾರ್ಸೆಲ್ ನಿಂತವು. ಮತ್ತೆ ಆನ್ ಮಾಡಿದೆ, ಮತ್ತೆ ಮಳೆ ಸುರಿದ ಹಾಗೆ ಸುರಿಯಿತು.

ಆಮೇಲೆ ಒಂದು ನೋಟ್‌ಬುಕ್ ಇಟ್ಟೆ. ಒಂದು ತಿಂಗಳು ಯಾರಿಂದ, ಯಾವ ಆಟ, ಎಷ್ಟು ಹೊತ್ತಿಗೆ ಅಂತ ಬರೆದೆ. ಊಟ ಮುಗಿದ ಮೇಲೆ ಮಧ್ಯಾಹ್ನ ಎರಡರಿಂದ ನಾಲ್ಕು, ರಾತ್ರಿ ಹತ್ತರ ಮೇಲೆ, ಈ ಎರಡು ಹೊತ್ತಿನಲ್ಲೇ ಮುಕ್ಕಾಲು ಭಾಗ ಬರುತ್ತಿತ್ತು. ಇನ್ನೂ ದೊಡ್ಡ ವಿಷಯ ಗೊತ್ತಾಯಿತು. ಕಳಿಸುವ ಜನ ಇಪ್ಪತ್ತೈದು ಇದ್ದರೂ ಆಟಗಳು ನಾಲ್ಕೋ ಐದೋ ಅಷ್ಟೇ. ನಾನು ಇಪ್ಪತ್ತೈದು ಜನರ ಹಿಂದೆ ಓಡುತ್ತಿದ್ದೆ. ಓಡಬೇಕಾದ್ದು ಐದು ಆಟದ ಹಿಂದೆ.

ಅವತ್ತೇ ಬ್ಲಾಕಿಂಗ್ ಪುಟಕ್ಕೆ ಹೋಗಿ, ಜನರನ್ನು ಬ್ಲಾಕ್ ಮಾಡುವ ಜಾಗ ಬಿಟ್ಟು, ಆ್ಯಪ್ ಬ್ಲಾಕ್ ಮಾಡುವ ಜಾಗದಲ್ಲಿ ಐದೂ ಆಟದ ಹೆಸರು ಹಾಕಿದೆ. ಆಟವನ್ನೇ ಬ್ಲಾಕ್ ಮಾಡಿದರೆ ಯಾರು ಕಳಿಸಿದರೂ ನಮಗೆ ಮುಟ್ಟುವುದಿಲ್ಲ. ಹೆಸರು ಹಾಕುವಾಗ ಸ್ಪೆಲ್ಲಿಂಗ್ ಸರಿ ಇರಬೇಕು. ಒಂದೇ ಹೆಸರಿನ ಎರಡು ಮೂರು ಆಟ ಇರುತ್ತವೆ, ಚಿತ್ರ ನೋಡಿ ಆರಿಸಬೇಕು. ದಿನಕ್ಕೊಂದು ಹೊಸ ಆಟ ಹಿಡಿಯುವ ಮೂರ್ನಾಲ್ಕು ಜನರಿಗೆ ಮಾತ್ರ ಆ್ಯಪ್ ಇನ್ವೈಟ್ಸ್ ಬ್ಲಾಕ್ ಅನ್ನುವಲ್ಲಿ ಹೆಸರು ಸೇರಿಸಿದೆ. ಅವರು ಫ್ರೆಂಡ್ ಆಗಿಯೇ ಉಳಿಯುತ್ತಾರೆ, ಫೋಟೋ ಕಾಣುತ್ತದೆ, ಮೆಸೇಜ್ ಬರುತ್ತದೆ, ಆಟ ಮಾತ್ರ ಬರುವುದಿಲ್ಲ. ಈ ಜಾಗಗಳ ಹೆಸರು ಆಗಾಗ ಬದಲಾಗುತ್ತದೆ, ಸೆಟ್ಟಿಂಗ್ಸ್‌ನಲ್ಲಿ ಹುಡುಕಿದರೆ ಸಿಗುತ್ತದೆ. ಒಂದು ವಾರದಲ್ಲಿ ದಿನಕ್ಕೆ ಮೂವತ್ತು ಇದ್ದದ್ದು ನಾಲ್ಕೈದಕ್ಕೆ ಇಳಿಯಿತು.

ಯಾವ ಹೆಸರನ್ನು ಮೊದಲು ಹಾಕಬೇಕು, ಯಾವುದನ್ನು ಎರಡು ದಿನ ಬಿಟ್ಟು ಹಾಕಬೇಕು ಅನ್ನುವುದರಲ್ಲಿ ಒಂದು ಲೆಕ್ಕ ಇದೆ. ಅದನ್ನು ಇಲ್ಲಿ ಬರೆಯುವುದಿಲ್ಲ, ನನ್ನ ಹೊಟ್ಟೆಪಾಡಿನ ವಿಷಯ ಅದು.

ಉಳಿದ ನಾಲ್ಕೈದನ್ನು ನಿಲ್ಲಿಸಿದ್ದು ಅತ್ತಿಗೆಯ ಅಡುಗೆಮನೆಯಲ್ಲಿ. ಅವರ ಪಕ್ಕ ಕೂತು, "ಆಡಿ ಅತ್ತಿಗೆ, ನೋಡ್ತೀನಿ" ಅಂದೆ. ಬಣ್ಣದ ಗೋಲಿ ಜೋಡಿಸುವ ಆಟ, ನಾನು ಬ್ಲಾಕ್ ಮಾಡಿದ ಐದರಲ್ಲಿ ಇಲ್ಲದ್ದು. ಐದು ಲೈಫ್ ಮುಗಿದವು. ಪರದೆ ಮೇಲೆ ದೊಡ್ಡ ಹಸಿರು ಬಟನ್ ಬಂತು. ಅದರ ಕೆಳಗೆ ಸಣ್ಣ ಸಣ್ಣ ಮುಖಗಳು, ಎಲ್ಲದರ ಮೇಲೂ ಮೊದಲೇ ಟಿಕ್ ಬಿದ್ದಿತ್ತು. ಅತ್ತಿಗೆ ಒಗ್ಗರಣೆ ಸೌಟು ಎಡಗೈಯಲ್ಲಿ ಹಿಡಿದುಕೊಂಡೇ ಬಲಗೈ ಹೆಬ್ಬೆರಳಿನಲ್ಲಿ ಹಸಿರು ಬಟನ್ ಒತ್ತಿದರು. ಪಕ್ಕದಲ್ಲೇ ನನ್ನ ಫೋನ್ ಟಣ್ ಅಂತು. ಅವರು ಬೆಚ್ಚಿ ನನ್ನ ಮುಖ ನೋಡಿದರು. "ಅಯ್ಯೋ, ಇದು ನಿಂಗೆ ಬರತ್ತಾ? ನಾನು ಮುಂದೆ ಹೋಗೋ ಬಟನ್ ಅಂದ್ಕೊಂಡಿದ್ದೆ." ಇಷ್ಟು ದಿನ ನಾನು ಅವರ ಮೇಲೆ ಸಿಟ್ಟು ಮಾಡಿಕೊಂಡಿದ್ದು ಅವರಿಗೆ ಗೊತ್ತೇ ಇಲ್ಲದ ಕೆಲಸಕ್ಕೆ. ಮೂಲೆಯಲ್ಲಿದ್ದ ಸಣ್ಣ ಇಂಟು ಗುರುತು ತೋರಿಸಿಕೊಟ್ಟೆ. ಅರ್ಧ ಗಂಟೆ ಕಾದರೆ ಒಂದು ಲೈಫ್ ತಾನಾಗೇ ಬರುತ್ತದೆ ಅಂತಲೂ ಹೇಳಿದೆ.

ಕಾಯುವುದು ಬೇಡ ಅಂತ ಒಂದು ಪ್ರಯೋಗವನ್ನೂ ಮಾಡಿದೆ. ಅತ್ತಿಗೆಯ ಫೋನಿನ ಗಡಿಯಾರವನ್ನು ಒಂದು ದಿನ ಮುಂದೆ ಇಟ್ಟೆ. ಐದೂ ಲೈಫ್ ಬಂದವು. ಆದರೆ ವಾಟ್ಸ್‌ಆ್ಯಪ್ ತೆರೆಯಲಿಲ್ಲ, ಫೋನಿನ ದಿನಾಂಕ ಸರಿಯಿಲ್ಲ ಅಂತ ತೋರಿಸಿತು. ಬೇಗ ವಾಪಸ್ ಇಟ್ಟೆ. ಅದನ್ನು ಯಾರೂ ಮಾಡಬೇಡಿ.

ಈಗ ಅಂಗಡಿಯಲ್ಲಿ ಇನ್ವಿಟೇಶನ್ ನಿಲ್ಲಿಸಿಕೊಡಲು ಒಂದು ಫೋನಿಗೆ ಐವತ್ತು ರೂಪಾಯಿ ತೆಗೆದುಕೊಳ್ಳುತ್ತೇನೆ. ಇನ್ನೂರು ಫೋನಿನ ಮೇಲೆ ಆಗಿರಬೇಕು. ಹಪ್ಪಳದಲ್ಲಿ ಹೋದದ್ದರ ಎರಡು ಪಾಲಿಗಿಂತ ಜಾಸ್ತಿಯೇ ಬಂದಿದೆ. ವಾಪಸ್ ಬಂದು ದೂರು ಹೇಳಿದವರು ಹತ್ತು ಜನ ಇದ್ದಾರೋ ಇಲ್ಲವೋ.

ಇತ್ತೀಚೆಗೆ ಬರುವವರ ಕಷ್ಟ ಬೇರೆ. ದುಡ್ಡು ಕಟ್ಟಿ ಆಡುವ ಆಟದ ಗ್ರೂಪಿಗೆ ಯಾರೋ ಸೇರಿಸಿಬಿಟ್ಟಿರುತ್ತಾರೆ. 2025ರ ಆಗಸ್ಟಿನಲ್ಲಿ ಇಂಥ ಆನ್‌ಲೈನ್ ಹಣದಾಟ ನಿಷೇಧಿಸುವ ಕಾನೂನು ಸಂಸತ್ತಿನಲ್ಲಿ ಪಾಸಾಯಿತು. ಅದಾದ ಮೇಲೂ ನನ್ನ ಟೇಬಲ್ಲಿಗೆ ಅಂಥ ಲಿಂಕ್ ಇರುವ ಫೋನುಗಳು ಬರುತ್ತಲೇ ಇವೆ. ವಾಟ್ಸ್‌ಆ್ಯಪ್‌ನಲ್ಲಿ ಪ್ರೈವೆಸಿ, ಗ್ರೂಪ್ಸ್, ಅಲ್ಲಿ ಎವ್ರಿವನ್ ಇದ್ದದ್ದನ್ನು ಮೈ ಕಾಂಟ್ಯಾಕ್ಟ್ಸ್ ಮಾಡುತ್ತೇನೆ. ಟೆಲಿಗ್ರಾಂನಲ್ಲೂ ಅದೇ. ಕಾಲೇಜು ಹುಡುಗರ ಫೋನ್ ಆದರೆ ನಾನೇ ಕೂತು ಪ್ರತಿ ಗ್ರೂಪಿನಿಂದ ಹೊರಗೆ ಬರುವವರೆಗೂ ಬಿಡುವುದಿಲ್ಲ. ಅದಕ್ಕೆ ದುಡ್ಡು ತೆಗೆದುಕೊಳ್ಳುವುದಿಲ್ಲ.

ಕಳೆದ ತಿಂಗಳ ಆ ಎರಡು ಇನ್ವಿಟೇಶನ್‌ನಲ್ಲಿ ಒಂದು ಹೊಸ ಆಟದ್ದು, ಕಳಿಸಿದ್ದು ಅಣ್ಣ. ಭಾನುವಾರ ಅವರ ಮನೆಗೆ ಊಟಕ್ಕೆ ಹೋದಾಗ ಅತ್ತಿಗೆ ಅಣ್ಣನ ಕೈಯಿಂದ ಫೋನ್ ತೆಗೆದುಕೊಂಡು, ಆ ಇಂಟು ಗುರುತು ಎಲ್ಲಿದೆ ಅಂತ ಅವನಿಗೆ ತೋರಿಸುತ್ತಿದ್ದರು.