ಡಿಎಲ್‌ಎಲ್ ಕೆಟ್ಟಿದೆಯೇ? ನೆಟ್‌ನಲ್ಲಿ ಹುಡುಕಬೇಡಿ

ಚಿಕ್ಕಪ್ಪನ ಕಂಪ್ಯೂಟರ್‌ನಲ್ಲಿ ಅಪ್‌ಡೇಟ್ ನಡೆಯುತ್ತಿದ್ದಾಗಲೇ ಕರೆಂಟ್ ಹೋಯಿತು. ಮತ್ತೆ ಆನ್ ಮಾಡಿದರೆ ಸ್ಟಾರ್ಟ್ ಮೆನು ತೆರೆಯದು. ಕ್ಯಾಲ್ಕುಲೇಟರ್ ಒಮ್ಮೆ ಮಿಂಚಿ ಮಾಯ. ಪರದೆಯ ಮೇಲೆ ‘ವಿಂಡೋಸ್.ಸ್ಟೇಟ್‌ರೆಪಾಸಿಟರಿ.ಡಿಎಲ್‌ಎಲ್’ ಎಂಬ ಉದ್ದನೆಯ ಹೆಸರು. "ಆ ಫೈಲ್ ಒಂದನ್ನ ನೆಟ್‌ನಿಂದ ಇಳಿಸಿ ಹಾಕಿಬಿಡು" ಅಂದರು. ಬೇಡ ಅಂದೆ.

ಡಿಎಲ್‌ಎಲ್ ಅಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್. ಅದು ತಾನಾಗಿ ಓಡುವುದಿಲ್ಲ, ಯಾರಾದರೂ ಕರೆದಾಗ ಕೆಲಸ ಮಾಡುತ್ತದೆ. ನಮ್ಮ ಈ ಫೈಲ್‌ನ ಕೆಲಸ ಗುಮಾಸ್ತಿಕೆ. ಯಾವ ಆ್ಯಪ್ ಇನ್‌ಸ್ಟಾಲ್ ಆಗಿದೆ, ಯಾವ ಬಳಕೆದಾರನಿಗೆ, ಯಾವ ಆವೃತ್ತಿ ಎಂದು ವಿಂಡೋಸ್ 10 ಮತ್ತು 11ರಲ್ಲಿ ಲೆಕ್ಕ ಇಡುವುದು ಇದರ ಪಾಲು.

ಗುಮಾಸ್ತ ಬೇರೆ, ಕಿರ್ದಿ ಪುಸ್ತಕ ಬೇರೆ. ಲೆಕ್ಕವೆಲ್ಲ ಇರುವುದು ಸಿ ಡ್ರೈವ್‌ನ ಪ್ರೋಗ್ರಾಂಡೇಟಾದೊಳಗೆ, ಆ್ಯಪ್‌ರೆಪಾಸಿಟರಿ ಫೋಲ್ಡರ್‌ನಲ್ಲಿ. ಅಲ್ಲಿರುವ ಎಸ್‌ಆರ್‌ಡಿ ಫೈಲ್ ನಿಜಕ್ಕೂ ಒಂದು ಎಸ್‌ಕ್ಯೂಲೈಟ್ ಡೇಟಾಬೇಸ್. ಪಕ್ಕದಲ್ಲೇ ಹೆಸರಿನ ಕೊನೆಗೆ ‘ಡಬ್ಲ್ಯುಎಎಲ್’ ಇರುವ ಇನ್ನೊಂದು ಫೈಲ್ ಕಾಣಬಹುದು. ಅದು ಕಚ್ಚಾ ಚೀಟಿ. ಹೊಸ ಬದಲಾವಣೆ ಮೊದಲು ಅಲ್ಲಿಗೆ, ಆಮೇಲೆ ದೊಡ್ಡ ಪುಸ್ತಕಕ್ಕೆ. ನಡುವೆ ಕರೆಂಟ್ ಹೋದರೆ ಮುಂದಿನ ಸಲ ಚೀಟಿ ನೋಡಿ ಲೆಕ್ಕ ಸರಿಮಾಡಿಕೊಳ್ಳುತ್ತದೆ. ಹಾಗಾಗಿ ಕಸ ಅಂದುಕೊಂಡು ಅದನ್ನು ಅಳಿಸಬೇಡಿ. ಜಾಗ ಉಳಿಸುವ ಹುಮ್ಮಸ್ಸಿನಲ್ಲಿ ಹೀಗೆ ಮಾಡಿಕೊಂಡವರನ್ನು ನೋಡಿದ್ದೇನೆ.

ಈಗ ರಿಪೇರಿಗೆ ಬರೋಣ. ಒಂದೇ ಆ್ಯಪ್ ಕೈಕೊಟ್ಟಿದ್ದರೆ ಸೆಟ್ಟಿಂಗ್ಸ್‌ನಲ್ಲಿ ಆ್ಯಪ್ಸ್‌ಗೆ ಹೋಗಿ, ಆ ಆ್ಯಪ್‌ನ ‘ಅಡ್ವಾನ್ಸ್ಡ್ ಆಪ್ಷನ್ಸ್’ ತೆರೆಯಿರಿ. ಮೊದಲು ‘ರಿಪೇರ್’ ಒತ್ತಿ. ‘ರಿಸೆಟ್’ ಒತ್ತಿದರೆ ಆ್ಯಪ್‌ನಲ್ಲಿ ಉಳಿಸಿದ್ದು ಹೋಗುತ್ತದೆ, ಹುಷಾರು.

ಹಲವು ಆ್ಯಪ್‌ಗಳು ಒಟ್ಟಿಗೇ ಮುಷ್ಕರ ಹೂಡಿದ್ದರೆ ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಒಟ್ಟಿಗೆ ಒತ್ತಿ. ಟಾಸ್ಕ್ ಮ್ಯಾನೇಜರ್ ಬರುತ್ತದೆ. ಸರ್ವೀಸಸ್‌ನಲ್ಲಿ ‘ಸ್ಟೇಟ್‌ರೆಪಾಸಿಟರಿ’ ಹುಡುಕಿ, ರೈಟ್ ಕ್ಲಿಕ್ ಮಾಡಿ ರಿಸ್ಟಾರ್ಟ್ ಕೊಡಿ. ಪ್ರೊಸೆಸರ್ ಸುಮ್ನೆ ಬಿಸಿಯಾಗುತ್ತಿದ್ದರೂ ಇದನ್ನು ಒಮ್ಮೆ ಮಾಡಿ ನೋಡಬಹುದು.

ಆಗಲೂ ಬಗ್ಗದಿದ್ದರೆ ಕಮಾಂಡ್ ಟೈಪ್ ಮಾಡುವ ಕಪ್ಪು ಕಿಟಕಿ, ಅಂದರೆ ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಇಂಗ್ಲಿಷ್ ಅಕ್ಷರಗಳಲ್ಲಿ ಹೀಗೆ ಟೈಪ್ ಮಾಡಿ, ಓರೆಗೆರೆಗಳ ಮುಂಚೆ ಸ್ಪೇಸ್ ಇರಲಿ:

ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್

ಅದು ಮುಗಿದ ಮೇಲೆ:

ಎಸ್‌ಎಫ್‌ಸಿ /ಸ್ಕ್ಯಾನ್‌ನೌ

ಈ ಕ್ರಮಕ್ಕೆ ಕಾರಣವಿದೆ. ಎಸ್‌ಎಫ್‌ಸಿ ಕೆಟ್ಟ ಫೈಲ್ ತೆಗೆದು ವಿನ್‌ಎಸ್‌ಎಕ್ಸ್‌ಎಸ್ ಫೋಲ್ಡರ್‌ನಲ್ಲಿರುವ ಒಳ್ಳೆಯ ಪ್ರತಿ ಹಾಕುತ್ತದೆ. ಆ ಉಗ್ರಾಣವೇ ಹಾಳಾಗಿದ್ದರೆ? ಅದನ್ನು ವಿಂಡೋಸ್ ಅಪ್‌ಡೇಟ್‌ನಿಂದ ತಂದು ಸರಿಮಾಡುವುದು ಡಿಐಎಸ್‌ಎಂ. ಅದಕ್ಕೇ ನೆಟ್ ಬೇಕು, ತಾಳ್ಮೆಯೂ ಬೇಕು. 62.3 ಪ್ರತಿಶತದಲ್ಲಿ ಅಲ್ಲಾಡದೆ ನಿಲ್ಲುವುದು ಬಹಳ ಜನ ಕಂಡ ದೃಶ್ಯ. ಆ ಕಪ್ಪು ಕಿಟಕಿ ಮುಚ್ಚಬೇಡಿ, ಒಂದು ಕಾಫಿ ಕುಡಿದು ಬನ್ನಿ.

ನೆಟ್‌ನಲ್ಲಿ ಸಿಗುವ ಬಿಡಿ ಡಿಎಲ್‌ಎಲ್ ಯಾಕೆ ಬೇಡ ಅಂದರೆ, ಅದು ನಿಮ್ಮ ವಿಂಡೋಸ್‌ನ ಆವೃತ್ತಿಗೆ ಹೊಂದಬೇಕಲ್ವಾ? ವೈರಸ್ ಭಯ ಬೇರೆ. ಅಸಲಿ ಸಿಸ್ಟಂ ಫೈಲ್‌ನ ಮನೆ ವಿಂಡೋಸ್ ಫೋಲ್ಡರ್‌ನೊಳಗಿನ ಸಿಸ್ಟಂ32. ತಮಾಷೆ ಎಂದರೆ 64 ಬಿಟ್ ವಿಂಡೋಸ್‌ನಲ್ಲಿ 64 ಬಿಟ್ ಫೈಲ್‌ಗಳು ಇರುವುದು ಸಿಸ್ಟಂ32ರಲ್ಲಿ, 32 ಬಿಟ್‌ನವು ಸಿಸ್‌ವೌ64ರಲ್ಲಿ! ಇದೇ ಹೆಸರಿನ ಫೈಲ್ ಡೌನ್‌ಲೋಡ್ಸ್‌ನಲ್ಲೋ ಟೆಂಪ್‌ನಲ್ಲೋ ಕಂಡರೆ ತೆರೆಯುವ ಮೊದಲು ವಿಂಡೋಸ್‌ನದೇ ಆ್ಯಂಟಿವೈರಸ್ ಆದ ಡಿಫೆಂಡರ್‌ನಿಂದ ಸ್ಕ್ಯಾನ್ ಮಾಡಿ.

ಚಿಕ್ಕಪ್ಪನ ಕಂಪ್ಯೂಟರ್ ಎರಡನೇ ಕಮಾಂಡ್‌ಗೆ ಸರಿಹೋಯಿತು. ನಿಮ್ಮದು ಹೋಗದಿದ್ದರೆ ಫೋಟೊ, ದಾಖಲೆಗಳನ್ನು ಪೆನ್‌ಡ್ರೈವ್‌ಗೆ ನಕಲಿಸಿಕೊಂಡು ವಿಂಡೋಸ್ ಅನ್ನು ಹಳೆಯದರ ಮೇಲೆಯೇ ಮರುಇನ್‌ಸ್ಟಾಲ್ ಮಾಡಿ. ‘ಫೈಲ್, ಆ್ಯಪ್ ಉಳಿಸಿಕೊಳ್ಳಿ’ ಎಂಬ ಆಯ್ಕೆಗೆ ಗುರುತು ಬಿದ್ದಿದೆಯೇ ಎಂದು ನೋಡಿಕೊಂಡೇ ಮುಂದಿನ ಬಟನ್ ಒತ್ತಿ.